‘ಗೀಳು’ ಎಂಬ ಪದದ ಅರ್ಥ ತಿಳಿಯಲು ನನಗೆ ಹಿಡಿದ ಹದಿನಾಲ್ಕು ತಿಂಗಳು

ಹೈಸ್ಕೂಲಿನಲ್ಲಿ ಹನ್ನೊಂದು ವರ್ಷಗಳಿಂದ ಕನ್ನಡ ಪಾಠ ಮಾಡುತ್ತಿರುವ ನಾನು ‘ಗೀಳು’ ಎಂಬ ಪದವನ್ನು ಎಷ್ಟೋ ಸಲ ಕರಿಹಲಗೆಯ ಮೇಲೆ ಬರೆದಿದ್ದೇನೆ. ಅತಿಯಾದ ಹವ್ಯಾಸ, ಬಿಡಲಾಗದ ಹುಚ್ಚು ಎಂದು ಅರ್ಥ ಹೇಳಿ, ಸ್ವಂತ ವಾಕ್ಯದಲ್ಲಿ ಪ್ರಯೋಗಿಸಿ ಎಂದರೆ ಮಕ್ಕಳು ‘ನನ್ನ ಅಣ್ಣನಿಗೆ ಕ್ರಿಕೆಟ್ ಗೀಳು’ ಎಂದು ಬರೆಯುತ್ತಾರೆ. ನಾನು ಸರಿ ಗುರುತು ಹಾಕಿ ಅರ್ಧ ಅಂಕ ಕೊಡುತ್ತೇನೆ. ಅದೇ ಪದವನ್ನು 2024ರ ಮಾರ್ಚ್ ತಿಂಗಳ ಒಂದು ಮಂಗಳವಾರ ತಾಲ್ಲೂಕು ಆಸ್ಪತ್ರೆಯಲ್ಲಿ ಮನೋವೈದ್ಯರು ನನ್ನ ಕಾಯಿಲೆಯ ಹೆಸರಾಗಿ ಹೇಳಿದಾಗ, ಇವರು ನಾನು ಹೇಳಿದ್ದನ್ನು ಸರಿಯಾಗಿ ಕೇಳಿಸಿಕೊಳ್ಳಲಿಲ್ಲ ಎಂದೇ ನನಗೆ ಅನ್ನಿಸಿತು. ನನ್ನನ್ನು ಕಾಡುತ್ತಿದ್ದ ಯೋಚನೆಯ ಮೇಲೆ ನನಗೆ ಹುಚ್ಚು ಪ್ರೀತಿ ಇರಲಿಲ್ಲ, ಅದು ಬಂದಾಗಲೆಲ್ಲ ವಾಕರಿಕೆ ಬರುತ್ತಿತ್ತು.

ಮಗಳು ಹುಟ್ಟಿದ್ದು 2023ರ ಅಕ್ಟೋಬರ್‌ನಲ್ಲಿ. ಬಾಣಂತನಕ್ಕೆ ತಿಪಟೂರಿನ ಹತ್ತಿರದ ತವರಿನಲ್ಲಿದ್ದೆ. ಇಪ್ಪತ್ತೆಂಟನೆಯ ದಿನ ಮಧ್ಯಾಹ್ನ ಅಮ್ಮ ನಡುಮನೆಯಲ್ಲಿ ಈಳಿಗೆಮಣೆಯ ಮೇಲೆ ಕುಳಿತು ನನಗಾಗಿ ಸಬ್ಬಸಿಗೆ ಸೊಪ್ಪು ಹೆಚ್ಚುತ್ತಿದ್ದಳು. ಹೊರಗೆ ಯಾರೋ ಕೂಗಿದರೆಂದು ಎದ್ದು ಹೋದಳು. ಮಗು ನನ್ನ ತೊಡೆಯ ಮೇಲೆ ಮಲಗಿತ್ತು, ಈಳಿಗೆಯ ಅಲಗಿಗೆ ಸೊಪ್ಪಿನ ಎಸಳೊಂದು ಅಂಟಿಕೊಂಡಿತ್ತು. ‘ಈ ಮಗುವನ್ನು ಎತ್ತಿ ಅದರ ಮೇಲೆ ಹಾಕಿಬಿಟ್ಟರೆ?’ ಎಂಬ ಯೋಚನೆ ಆ ಕ್ಷಣ ನನ್ನೊಳಗೆ ಬಂತು. ಯೋಚನೆಯ ಜೊತೆಗೆ ಚಿತ್ರವೂ ಬಂತು; ಅದನ್ನು ಇಲ್ಲಿ ಬರೆಯುವುದಿಲ್ಲ. ಮಗುವನ್ನು ಚಾಪೆಯ ಮೇಲಿಟ್ಟು ಬಚ್ಚಲಿಗೆ ಹೋಗಿ ಬಾಗಿಲು ಹಾಕಿಕೊಂಡೆ. ಅಮ್ಮ ಬಾಗಿಲು ತಟ್ಟಿ ‘ಏನಾಯಿತೇ’ ಎಂದು ಕೇಳಿದಾಗ ಹೊಟ್ಟೆನೋವು ಎಂದೆ. ಅಲ್ಲಿಂದ ಮುಂದೆ ಮೂರೂವರೆ ತಿಂಗಳು ನಾನು ಎಲ್ಲರಿಗೂ ಇಂಥ ಸುಳ್ಳುಗಳನ್ನೇ ಹೇಳಿದೆ.

ಆಮೇಲೆ ನಾನು ಮಾಡಿದ ಒಂದೊಂದು ಕೆಲಸವೂ ನನಗೆ ಆಗ ತೀರಾ ನ್ಯಾಯವಾಗಿ ಕಂಡಿತ್ತು. ಈಳಿಗೆಮಣೆಯನ್ನು ಅಡುಗೆಮನೆಯ ಅಟ್ಟಕ್ಕೆ ಹಾಕಿಸಿದೆ. ತೆಂಗಿನ ಸೀಮೆಯಲ್ಲಿ ಮಚ್ಚಿಲ್ಲದ ಮನೆಯಿಲ್ಲ. ಎಳನೀರು ಕೆತ್ತುವ ಮಚ್ಚನ್ನು ಕೊಟ್ಟಿಗೆಯ ಬೀಗದೊಳಗೆ ಇಡುವಂತೆ ಅಪ್ಪನಿಗೆ ಹೇಳಿದೆ. ಮಗುವಿಗೆ ನೀರು ಹಾಕಲು ಬರುತ್ತಿದ್ದ ಅಜ್ಜಿ ಒಂದು ದಿನ ಬಾರದಿದ್ದರೆ ಮಗುವಿಗೆ ಅಂದು ಸ್ನಾನವೇ ಇಲ್ಲ, ಏಕೆಂದರೆ ನೀರಿನ ಹಂಡೆಯ ಹತ್ತಿರ ನಾನು ಮಗುವಿನೊಂದಿಗೆ ಒಬ್ಬಳೇ ಇರಬಾರದು. ಯೋಚನೆ ಬಂದಾಗಲೆಲ್ಲ ಇಪ್ಪತ್ತೊಂದು ಸಲ ‘ಶಿವ ಶಿವ’ ಎನ್ನಬೇಕು, ನಡುವೆ ಮಗು ಅತ್ತರೆ ಅಥವಾ ಲೆಕ್ಕ ತಪ್ಪಿದರೆ ಮತ್ತೆ ಒಂದರಿಂದ ಶುರು. ರಾತ್ರಿ ಮಗುವಿನ ಮೂಗಿನ ಬಳಿ ಬೆರಳಿಟ್ಟು ಉಸಿರು ನೋಡುವುದು, ಸಮಾಧಾನವಾಗದೆ ಅಮ್ಮನನ್ನು ಎಬ್ಬಿಸಿ ‘ಮಗು ಸರಿಯಾಗಿದೆ ಅಲ್ವಾ’ ಎಂದು ಕೇಳುವುದು, ಊರಿನಲ್ಲಿದ್ದ ಮನೆಯವರಿಗೆ ಫೋನು ಮಾಡಿ ‘ನಾನು ಕೆಟ್ಟವಳಲ್ಲ ಅಲ್ವಾ’ ಎಂದು ಕಾರಣ ಹೇಳದೆ ಕೇಳುವುದು. ಹೌದು ಎಂದರೆ ಹತ್ತು ನಿಮಿಷ ನೆಮ್ಮದಿ. ಡಿಸೆಂಬರ್ ಹೊತ್ತಿಗೆ ಹತ್ತು ನಿಮಿಷವೂ ಉಳಿಯುತ್ತಿರಲಿಲ್ಲ.

ಮನೆಯಲ್ಲಿ ಎರಡು ಅಭಿಪ್ರಾಯಗಳು ಹುಟ್ಟಿದವು. ಅಮ್ಮನ ಪ್ರಕಾರ ಇದು ದೃಷ್ಟಿ. ಕಡ್ಡಿಪೊರಕೆ, ಒಣಮೆಣಸಿನಕಾಯಿ, ಉಪ್ಪು ನಿವಾಳಿಸಿ ಒಲೆಗೆ ಹಾಕಿದ್ದಾಯಿತು. ದೂರದ ಊರಿನಿಂದ ಒಂದು ತಾಯತ ಬಂತು, ಅದಕ್ಕೂ ಪೂಜೆಗೂ ಸೇರಿ ₹3,500 ಹೋಯಿತು. ಅತ್ತೆಯವರು ಮಾತ್ರ ತಗ್ಗಿದ ದನಿಯಲ್ಲಿ ‘ಇದು ಬಾಣಂತಿ ಸನ್ನಿ ಇರಬೇಕು’ ಎಂದರು. ಆ ಮಾತು ನನ್ನ ಕಿವಿಗೆ ಬಿದ್ದು, ನಾನು ನಿಜವಾಗಿ ಮಗುವಿಗೆ ಏನಾದರೂ ಮಾಡುವುದು ಖಚಿತ ಎಂದು ನಂಬಿದೆ. ಒಂದು ಬೆಳಗಿನ ಜಾವ ಮಗುವನ್ನು ಅಮ್ಮನ ಪಕ್ಕದಲ್ಲಿ ಮಲಗಿಸಿ, ಮನೆ ಬಿಟ್ಟು ಹೋಗುವುದೇ ಮಗುವಿಗೆ ಕ್ಷೇಮ ಎಂದು ಬಸ್ ನಿಲ್ದಾಣದವರೆಗೆ ನಡೆದು ಹೋಗಿದ್ದೂ ಉಂಟು. ಹಾಲು ಕಟ್ಟಿ ಎದೆ ನೋಯಲು ಶುರುವಾದಾಗ ಹಿಂದಿರುಗಿದೆ.

ಆ ದಿನಗಳಲ್ಲಿ ನಾನು ಮೊಬೈಲಿನಲ್ಲಿ ಹುಡುಕದೆ ಇರಲಿಲ್ಲ. ಒಸಿಡಿ (ಅಬ್ಸೆಸಿವ್ ಕಂಪಲ್ಸಿವ್ ಡಿಸಾರ್ಡರ್) ಎಂಬ ಮೂರಕ್ಷರ ಆಗಲೇ ಕಣ್ಣಿಗೆ ಬಿದ್ದಿತ್ತು. ಅದರ ಜೊತೆಗಿದ್ದ ಚಿತ್ರಗಳಲ್ಲೆಲ್ಲ ಸೋಪಿನ ನೊರೆ ತುಂಬಿದ ಕೈಗಳು, ಸಾಲಾಗಿ ಜೋಡಿಸಿದ ಪೆನ್ಸಿಲುಗಳು. ನಮ್ಮ ಬೀದಿಯಲ್ಲಿ ಹಿಂದೆ ಒಬ್ಬ ಅಜ್ಜಿ ಇದ್ದರು. ನಲ್ಲಿಯಿಂದ ನೀರು ತರುವಾಗ ಯಾರ ನೆರಳು ಬಿದ್ದರೂ ಕೊಡವನ್ನು ಚೆಲ್ಲಿ ಮತ್ತೆ ತುಂಬುತ್ತಿದ್ದರು, ಒಮ್ಮೊಮ್ಮೆ ಹತ್ತು ಸಲ. ಊರಿನವರು ಅದನ್ನು ಮಡಿ ಎಂದು ಗೌರವಿಸಿದರು. ಒಸಿಡಿ ಎಂದರೆ ಆ ಅಜ್ಜಿಗಿದ್ದಂಥದ್ದು, ನನಗೆ ತೊಳೆಯುವ ಚಟವಿಲ್ಲ, ನನ್ನ ಮೇಜು ಇಡೀ ಸ್ಟಾಫ್ ರೂಮಿನಲ್ಲೇ ಅತಿ ಗಲೀಜು, ಆದ್ದರಿಂದ ನನ್ನದು ಬೇರೆಯೇ ಏನೋ ಎಂದು ಪುಟವನ್ನು ಮುಚ್ಚಿದೆ. ಅಂದು ಮುಚ್ಚಿದ್ದರಿಂದ ನನಗೆ ಸುಮಾರು ಎರಡು ತಿಂಗಳು ನಷ್ಟವಾಯಿತು.

ಜನವರಿಯಲ್ಲಿ ಮನೆಯವರು ಒಬ್ಬ ಖಾಸಗಿ ವೈದ್ಯರ ಬಳಿ ಕರೆದುಕೊಂಡು ಹೋದರು. ಎರಡೂವರೆ ಗಂಟೆ ಕಾದ ಮೇಲೆ ಸಿಕ್ಕ ಸಮಯ ನಾಲ್ಕು ನಿಮಿಷ, ಅದೂ ಇನ್ನಿಬ್ಬರು ರೋಗಿಗಳ ಎದುರಿಗೆ. ಅಷ್ಟರಲ್ಲಿ ನಾನು ‘ನಿದ್ದೆ ಬರುವುದಿಲ್ಲ, ಭಯವಾಗುತ್ತದೆ’ ಎಂದಷ್ಟೇ ಹೇಳಿದೆ. ಅವರು ನಿದ್ದೆಯ ಮಾತ್ರೆ ಬರೆದುಕೊಟ್ಟು, ಮನಸ್ಸನ್ನು ಗಟ್ಟಿ ಮಾಡಿಕೊಳ್ಳಬೇಕು, ಕೆಟ್ಟ ಯೋಚನೆ ಬಂದರೆ ಬೇರೆ ಕಡೆ ಮನಸ್ಸು ತಿರುಗಿಸಬೇಕು ಎಂದರು. ನಿದ್ದೆ ಬಂತು. ಆದರೆ ನಿದ್ದೆಗಣ್ಣಿನಲ್ಲಿ ಮಗುವಿಗೆ ಏನಾದರೂ ಮಾಡಿಬಿಟ್ಟರೆ ಎಂಬ ಹೊಸ ಭಯ ಅದರ ಬೆನ್ನಿಗೇ ಬಂತು. ಯೋಚನೆಯನ್ನು ತಳ್ಳಿದಷ್ಟೂ ಅದು ಮರಳಿ ಬರುತ್ತದೆ ಎಂಬುದು ಈ ಕಾಯಿಲೆಯ ಮೊದಲ ಪಾಠ, ನನಗೆ ಸಿಕ್ಕಿದ್ದು ಅದಕ್ಕೆ ನೇರ ವಿರುದ್ಧವಾದ ಸಲಹೆ. ಅವರನ್ನು ಪೂರ್ತಿ ದೂರಲಾರೆ. ನಾನೂ ಅರ್ಧವನ್ನು ಮುಚ್ಚಿಟ್ಟಿದ್ದೆ. ಈ ದಾರಿಯಲ್ಲಿ ಹೋಗುವವರಿಗೆ ನಾನು ಹೇಳುವುದಿಷ್ಟೇ: ನಾಚಿಕೆಯಿಂದ ಬಾಯಲ್ಲಿ ಹೇಳಲಾಗದ ಯೋಚನೆಯನ್ನು ಒಂದು ಚೀಟಿಯಲ್ಲಿ ಬರೆದುಕೊಂಡು ಹೋಗಿ ವೈದ್ಯರ ಮೇಜಿನ ಮೇಲಿಡಿ. ಬೇರೆಯವರ ಮುಂದೆ ಮಾತನಾಡಬೇಕಾಗಿ ಬಂದರೆ ಪ್ರತ್ಯೇಕವಾಗಿ ಮಾತನಾಡಬೇಕೆಂದು ಕೇಳುವ ಹಕ್ಕು ನಿಮಗಿದೆ. 2017ರ ಮಾನಸಿಕ ಆರೋಗ್ಯ ಆರೈಕೆ ಕಾಯ್ದೆಯ 23ನೇ ಸೆಕ್ಷನ್ ರೋಗಿಯ ವಿವರಗಳನ್ನು ಗುಟ್ಟಾಗಿಡುವುದನ್ನು ಹಕ್ಕು ಎಂದೇ ಹೇಳುತ್ತದೆ.

ಫೆಬ್ರವರಿಯ ಕೊನೆಯಲ್ಲಿ ಒಂದು ರಾತ್ರಿ ಎರಡು ಗಂಟೆಗೆ, ಹಿತ್ತಿಲಿನ ಕಲ್ಲಿನ ಮೇಲೆ ಕುಳಿತು 14416ಕ್ಕೆ ಕರೆ ಮಾಡಿದೆ. ಅದು 2022ರ ಅಕ್ಟೋಬರ್ 10ರಂದು ಶುರುವಾದ ಟೆಲಿ ಮಾನಸ್ ಎಂಬ ಸರ್ಕಾರಿ ಸಹಾಯವಾಣಿ. ಕರೆಗೆ ಹಣವಿಲ್ಲ, ಹಗಲು ರಾತ್ರಿ ತೆರೆದಿರುತ್ತದೆ, ಕನ್ನಡದಲ್ಲಿ ಮಾತನಾಡಬಹುದು. ಮುಖ ಕಾಣದ ಆ ಹೆಣ್ಣುದನಿಗೆ ನಾನು ಮೊದಲ ಸಲ ಈಳಿಗೆಮಣೆಯ ವಿಷಯ ಹೇಳಿದೆ. ಹೇಳಿ ಮುಗಿಸಿ, ಈಗ ಪೊಲೀಸರಿಗೆ ತಿಳಿಸುತ್ತಾರೆ ಎಂದು ಕಾದೆ. ಅವರು ಕೇಳಿದ್ದು ಬೇರೆ: ಆ ಯೋಚನೆ ಬಂದಾಗ ನಿಮಗೆ ಏನನ್ನಿಸುತ್ತದೆ, ಯಾರಾದರೂ ಹಾಗೆ ಮಾಡೆಂದು ಹೇಳಿದಂತೆ ಕಿವಿಯಲ್ಲಿ ಕೇಳಿಸುತ್ತದೆಯೇ, ಮಗುವಿನಲ್ಲಿ ಏನೋ ದುಷ್ಟಶಕ್ತಿ ಇದೆ ಎಂದು ಅನ್ನಿಸುತ್ತದೆಯೇ, ಸಾಯಬೇಕು ಎನ್ನಿಸಿದೆಯೇ, ಈಗ ಮನೆಯಲ್ಲಿ ಜೊತೆಗೆ ಯಾರಿದ್ದಾರೆ. ಕೊನೆಗೆ, ಮನೋಚೈತನ್ಯ ಎಂಬ ಸರ್ಕಾರಿ ಕಾರ್ಯಕ್ರಮದಲ್ಲಿ ಮಂಗಳವಾರದಂದು ತಾಲ್ಲೂಕು ಆಸ್ಪತ್ರೆಗಳಿಗೆ ಮನೋವೈದ್ಯರು ಬರುವ ವ್ಯವಸ್ಥೆ ಇದೆ, ನಿಮ್ಮ ಆಸ್ಪತ್ರೆಯಲ್ಲಿ ವಿಚಾರಿಸಿಕೊಂಡು ಹೋಗಿ ಎಂದರು. ಹನ್ನೊಂದು ವರ್ಷ ಆ ಆಸ್ಪತ್ರೆಯ ಮುಂದೆಯೇ ಶಾಲೆಗೆ ಹೋದವಳಿಗೆ ಈ ಮಂಗಳವಾರದ ವಿಷಯ ಗೊತ್ತಿರಲಿಲ್ಲ.

ಹೋಗುವಾಗ ಆಧಾರ್, ತಾಯಿ ಕಾರ್ಡ್, ಹೆರಿಗೆಯ ಡಿಸ್ಚಾರ್ಜ್ ಹಾಳೆ, ಹಿಂದಿನ ವೈದ್ಯರ ಚೀಟಿ ಮತ್ತು ಮಾತ್ರೆಯ ಪಟ್ಟಿ ಇವಿಷ್ಟನ್ನೂ ಒಂದು ಕವರಿನಲ್ಲಿ ಇಟ್ಟುಕೊಳ್ಳಿ. ತಾಯಿ ಕಾರ್ಡ್ ಏಕೆ ಎಂದು ಮನೆಯವರು ಕೇಳಿದ್ದರು. ರಕ್ತಹೀನತೆ, ಥೈರಾಯ್ಡ್ ಪರೀಕ್ಷೆಗಳ ವಿವರ ಅದರಲ್ಲೇ ಸಿಕ್ಕಿ ವೈದ್ಯರ ಕೆಲಸ ಹಗುರವಾಯಿತು. ಓಪಿಡಿ ಚೀಟಿ ಮಾಡಿಸಿ ಕುಳಿತದ್ದು ಒಂಬತ್ತೂವರೆಗೆ, ಒಳಗೆ ಕರೆದದ್ದು ಹನ್ನೆರಡೂ ಹತ್ತಕ್ಕೆ. ಸಾಲಿನಲ್ಲಿ ನನ್ನ ಶಾಲೆಯ ಇಬ್ಬರು ಮಕ್ಕಳ ತಾಯಂದಿರು ಇದ್ದರು. ‘ಮಗುವಿಗೆ ಹುಷಾರಿಲ್ವಾ ಮೇಡಂ?’ ಎಂದು ಕೇಳಿದರು, ನಾನು ಹೌದು ಎಂದೆ. ಅವರೂ ಯಾಕೆ ಬಂದಿದ್ದರೆಂದು ನಾನು ಕೇಳಲಿಲ್ಲ.

ಯೋಚನೆಯನ್ನು ನಾನು ಬರೆದು ತಂದಿದ್ದ ಚೀಟಿಯನ್ನು ಓದಿ ವೈದ್ಯರು ಮುಖ ಮೇಲೆತ್ತಿದಾಗ ನಾನು ಹುಡುಕಿದ್ದು ಅಸಹ್ಯವನ್ನು. ಅದು ಕಾಣಲಿಲ್ಲ. ಅರ್ಧ ಗಂಟೆ ಪ್ರಶ್ನೆ ಕೇಳಿದ ಮೇಲೆ ಅವರು ‘ಇದನ್ನು ಗೀಳು ರೋಗ ಅನ್ನುತ್ತೇವೆ ಮೇಡಂ, ಒಸಿಡಿ’ ಎಂದರು. ನನ್ನೊಳಗಿನ ಕನ್ನಡ ಮೇಡಂ ಎದ್ದು ನಿಂತಳು. ಗೀಳು ಎಂದರೆ ಇಷ್ಟಪಟ್ಟು ಹಿಡಿದದ್ದು, ಇದು ನನಗೆ ಇಷ್ಟವಿಲ್ಲದ್ದು, ಪದವೇ ತಪ್ಪಲ್ಲವೇ ಎಂದೆ. ಅವರು ನಕ್ಕು, ಹೌದು, ಪದ ಸ್ವಲ್ಪ ದಾರಿ ತಪ್ಪಿಸುತ್ತದೆ ಎಂದು ಒಪ್ಪಿಕೊಂಡು, ಇಂಗ್ಲಿಷಿನ ಅಬ್ಸೆಷನ್ ಎಂಬ ಪದದ ಮೂಲದಲ್ಲಿರುವ ಲ್ಯಾಟಿನ್ ಮಾತಿಗೆ ‘ಮುತ್ತಿಗೆ ಹಾಕು’ ಎಂಬ ಅರ್ಥವಿದೆ, ನೀವು ಮುತ್ತಿಗೆಗೆ ಸಿಕ್ಕ ಕೋಟೆ ಅಂದುಕೊಳ್ಳಿ ಎಂದರು. ಮುತ್ತಿಗೆ ಹಾಕುವ ಯೋಚನೆ ಒಂದು ಭಾಗ. ಅದರಿಂದ ಹುಟ್ಟುವ ಭಯವನ್ನು ತಣಿಸಲು ಮಾಡಲೇಬೇಕೆನಿಸುವ ಕೆಲಸ ಇನ್ನೊಂದು ಭಾಗ. ಕೈ ತೊಳೆಯುವುದು, ಬೀಗ ಎಳೆದು ನೋಡುವುದು ಕಣ್ಣಿಗೆ ಕಾಣುವ ಕೆಲಸಗಳು. ನನ್ನ ಇಪ್ಪತ್ತೊಂದು ‘ಶಿವ ಶಿವ’, ‘ನಾನು ಕೆಟ್ಟವಳಲ್ಲ ಅಲ್ವಾ’ ಎಂಬ ಪ್ರಶ್ನೆ, ಅಟ್ಟ ಸೇರಿದ ಈಳಿಗೆಮಣೆ ಇವೂ ಅದೇ ಜಾತಿಯವು. ನಾಮಸ್ಮರಣೆಯೂ ರೋಗವೇ ಎಂದು ನನಗೆ ಸಿಟ್ಟು ಬಂತು. ಭಕ್ತಿಯಿಂದ ಮಾಡಿದ್ದಾದರೆ ಲೆಕ್ಕ ತಪ್ಪಿದಾಗ ಎದೆ ಹೊಡೆದುಕೊಳ್ಳುವುದಿಲ್ಲ ಅಲ್ಲವೇ ಎಂದು ಅವರು ಕೇಳಿದ ಪ್ರಶ್ನೆಗೆ ನನ್ನಲ್ಲಿ ಉತ್ತರವಿರಲಿಲ್ಲ.

ಬಾಣಂತಿ ಸನ್ನಿಯ ವಿಷಯವನ್ನೂ ಕೇಳಿದೆ, ಏಕೆಂದರೆ ಅದೇ ನನ್ನನ್ನು ಅರ್ಧ ಕೊಂದಿತ್ತು. ಸನ್ನಿ ಸಾಮಾನ್ಯವಾಗಿ ಹೆರಿಗೆಯಾದ ಮೊದಲ ಎರಡು ವಾರಗಳೊಳಗೆ ಏಕಾಏಕಿ ಶುರುವಾಗುತ್ತದೆ, ತಾಯಿಗೆ ನಿದ್ದೆಯೇ ಬೇಡವಾಗುತ್ತದೆ, ಮಾತು ಗೊಂದಲವಾಗುತ್ತದೆ, ಇಲ್ಲದ ದನಿ ಕೇಳಿಸಬಹುದು, ಮಗುವಿನ ಬಗ್ಗೆ ವಿಚಿತ್ರ ನಂಬಿಕೆಗಳು ಬರುತ್ತವೆ ಮತ್ತು ಅವು ಅವಳಿಗೆ ನಿಜವೆಂದೇ ತೋರುತ್ತವೆ. ಗೀಳು ರೋಗದಲ್ಲಿ ಯೋಚನೆ ತನ್ನದಲ್ಲದ ಹೊಲಸಿನಂತೆ ಕಾಣುತ್ತದೆ, ತಾಯಿ ಅದಕ್ಕೆ ಹೆದರಿ ಮಗುವಿನಿಂದ ದೂರ ಓಡುತ್ತಾಳೆ. ಈ ವ್ಯತ್ಯಾಸವನ್ನು ಓದಿ ನೀವೇ ತೀರ್ಮಾನಕ್ಕೆ ಬರಬೇಡಿ, ಅದು ವೈದ್ಯರ ಕೆಲಸ. ಸನ್ನಿಯ ಲಕ್ಷಣಗಳು ಕಂಡರೆ ಮಂಗಳವಾರಕ್ಕೆ ಕಾಯಬಾರದು. ಅದು ಅದೇ ದಿನ ಆಸ್ಪತ್ರೆಗೆ ಹೋಗಬೇಕಾದ ತುರ್ತು. ತಾಯಿಯನ್ನೂ ಮಗುವನ್ನೂ ಒಟ್ಟಿಗೆ ದಾಖಲಿಸಿಕೊಳ್ಳುವ ವಾರ್ಡು ಬೆಂಗಳೂರಿನ ನಿಮ್ಹಾನ್ಸ್‌ನಲ್ಲಿ 2009ರಿಂದ ಇದೆ ಎಂಬುದನ್ನು ನನ್ನ ಅತ್ತೆಯಂಥವರು ತಿಳಿದಿರಬೇಕು.

ಅಂದೇ ಸರ್ಟ್ರಾಲಿನ್ ಎಂಬ ಮಾತ್ರೆ ಶುರುವಾಯಿತು, ಮೊದಲು 50 ಮಿಲಿಗ್ರಾಂ, ಆಮೇಲೆ ಹಂತ ಹಂತವಾಗಿ 150. ಖಿನ್ನತೆಗೆ ಕೊಡುವ ಮಾತ್ರೆಗಳನ್ನೇ ಇದಕ್ಕೂ ಕೊಡುತ್ತಾರೆ, ಆದರೆ ಸಾಮಾನ್ಯವಾಗಿ ಹೆಚ್ಚಿನ ಪ್ರಮಾಣ ಬೇಕಾಗುತ್ತದೆ ಮತ್ತು ಗುಣ ಕಾಣಲು ಎಂಟರಿಂದ ಹನ್ನೆರಡು ವಾರ ಹಿಡಿಯುತ್ತದೆ. ಹಾಲೂಡುವ ತಾಯಿಯ ಹಾಲಿಗೆ ಈ ಮಾತ್ರೆ ಹೋಗುವ ಪ್ರಮಾಣ ಬಹಳ ಕಡಿಮೆ ಎಂಬ ಕಾರಣಕ್ಕೆ ಇದನ್ನು ಆರಿಸಿದ್ದೇನೆ ಎಂದು ವೈದ್ಯರು ವಿವರಿಸಿದರು. ಮನೆಯಲ್ಲಿ ಆ ವಿವರಣೆ ನಡೆಯಲಿಲ್ಲ. ಹಾಲೋ ಮಾತ್ರೆಯೋ ಒಂದನ್ನು ಬಿಡು ಎಂದು ಅತ್ತೆಯವರು ಪಟ್ಟು ಹಿಡಿದರು, ನಾನು ನಾಲ್ಕು ದಿನ ಮಾತ್ರೆ ಬಿಟ್ಟೆ, ಮುಂದಿನ ಮಂಗಳವಾರ ಮನೆಯವರು ಅತ್ತೆಯವರನ್ನೇ ಕರೆತಂದು ವೈದ್ಯರ ಮುಂದೆ ಕೂರಿಸಿದರು. ಈ ಉಪಾಯವನ್ನು ಮೊದಲ ವಾರವೇ ಮಾಡಬೇಕಿತ್ತು.

ಮೊದಲ ಹತ್ತು ದಿನ ಹೊಟ್ಟೆ ತೊಳೆಸುವಿಕೆ, ಭೇದಿ, ಮೊದಲಿಗಿಂತ ಹೆಚ್ಚಿನ ತಳಮಳ. ಇದು ಬರಬಹುದೆಂದು ಮುಂಚೆಯೇ ಹೇಳಿದ್ದರಿಂದ ಬಚಾವಾದೆ. ಹೇಳದಿದ್ದರೆ ಮಾತ್ರೆಯೇ ಮಗುವಿಗೆ ಕಂಟಕ ಎಂದು ಬಿಸಾಡುತ್ತಿದ್ದೆ. ಆರನೆಯ ವಾರದವರೆಗೆ ಏನೂ ಬದಲಾಗಲಿಲ್ಲ. ಒಂಬತ್ತನೆಯ ವಾರ ಒಂದು ಸಂಜೆ, ಆ ದಿನ ಮಧ್ಯಾಹ್ನದಿಂದ ಒಮ್ಮೆಯೂ ಲೆಕ್ಕ ಹಾಕಿಲ್ಲ ಎಂಬುದು ತಟ್ಟನೆ ಹೊಳೆಯಿತು. ಹೊಳೆದ ಕೂಡಲೇ ಲೆಕ್ಕ ಶುರುವಾಯಿತು, ಆ ಮಾತು ಬೇರೆ.

ಈ ನಡುವೆ ರಜೆಯ ಗೊಂದಲ. 180 ದಿನಗಳ ಹೆರಿಗೆ ರಜೆ ಏಪ್ರಿಲ್‌ನಲ್ಲಿ ಮುಗಿಯುತ್ತಿತ್ತು. ಬೇಸಿಗೆ ರಜೆ ಹತ್ತಿರದಲ್ಲೇ ಇದ್ದದ್ದು ನನ್ನ ಪುಣ್ಯ. ನಡುವಿನ ದಿನಗಳಿಗೆ ವೈದ್ಯಕೀಯ ಪ್ರಮಾಣಪತ್ರ ಬೇಕಾದಾಗ, ಅದರಲ್ಲಿ ಮನೋರೋಗ ಎಂದು ಬರೆದರೆ ಕಚೇರಿಯ ಗುಮಾಸ್ತರಿಂದ ಇಡೀ ತಾಲ್ಲೂಕಿಗೆ ಸುದ್ದಿಯಾಗುತ್ತದೆ ಎಂದು ಎರಡು ರಾತ್ರಿ ನಿದ್ದೆಗೆಟ್ಟೆ. ವೈದ್ಯರಿಗೆ ಇದು ಹೊಸದಾಗಿರಲಿಲ್ಲ. ಚಿಕಿತ್ಸೆಯಲ್ಲಿದ್ದಾರೆ, ವಿಶ್ರಾಂತಿ ಬೇಕು ಎಂದಷ್ಟೇ ಬರೆದರು, ಅಷ್ಟೇ ಸಾಕಾಯಿತು. ನಿಮಗೂ ಇಂಥ ಅಳುಕಿದ್ದರೆ ಪ್ರಮಾಣಪತ್ರ ಬರೆಯುವ ಮುನ್ನವೇ ಬಾಯಿಬಿಟ್ಟು ಹೇಳಿ.

ಮಾತ್ರೆಯಿಂದ ಭಯದ ಸದ್ದು ಅರ್ಧ ಇಳಿಯಿತು, ಈಳಿಗೆಮಣೆ ಅಟ್ಟದಿಂದ ಇಳಿಯಲಿಲ್ಲ. ಜೂನ್‌ನಲ್ಲಿ ವೈದ್ಯರು ನಿಮ್ಹಾನ್ಸ್‌ಗೆ ಪತ್ರ ಕೊಟ್ಟರು. ಬೆಳಕು ಹರಿಯುವ ಮುನ್ನ ರೈಲು ಹತ್ತಿ, ಹೊಸೂರು ರಸ್ತೆ ತಲುಪಿ, ಹೊಸ ರೋಗಿಯೆಂದು ನೋಂದಾಯಿಸಿ, ಮೊದಲು ಕಿರಿಯ ವೈದ್ಯರಿಗೂ ನಂತರ ಹಿರಿಯರಿಗೂ ಕಥೆ ಹೇಳಿ ಮುಗಿಸುವಾಗ ಸಂಜೆಯಾಗಿತ್ತು. ಹಾಲೂಡುವ ಮಗುವಿದ್ದರೆ ಇನ್ನೊಬ್ಬರು ಜೊತೆಗಿರಲಿ, ಊಟದ ಡಬ್ಬಿ ಇರಲಿ, ಒಂದು ಇಡೀ ದಿನವನ್ನು ಅದಕ್ಕೇ ಬಿಡಿ. ಕಥೆಯನ್ನು ಎರಡು ಸಲ ಹೇಳಬೇಕಾದದ್ದು ಬೇಸರವೆನಿಸಿದರೂ ಎರಡನೆಯ ಸಲ ನನ್ನ ದನಿ ನಡುಗಲಿಲ್ಲ ಎಂಬುದನ್ನು ಗಮನಿಸಿದೆ. ಅಲ್ಲಿ ಯೇಲ್-ಬ್ರೌನ್ ಮಾಪಕ ಎಂಬ ಹತ್ತು ಪ್ರಶ್ನೆಗಳ ಪರೀಕ್ಷೆ ಮಾಡಿದರು. ಯೋಚನೆಗಳು ದಿನಕ್ಕೆ ಎಷ್ಟು ಹೊತ್ತು ತಿನ್ನುತ್ತವೆ, ಎಷ್ಟು ತಡೆಯಬಲ್ಲಿರಿ, ಕೆಲಸಕ್ಕೆ ಎಷ್ಟು ಅಡ್ಡಿ ಎಂಬಂಥ ಪ್ರತಿ ಪ್ರಶ್ನೆಗೂ ಸೊನ್ನೆಯಿಂದ ನಾಲ್ಕು ಅಂಕ, ಒಟ್ಟು 40. ಹದಿನಾರರಿಂದ ಇಪ್ಪತ್ತಮೂರು ಮಧ್ಯಮ, ಇಪ್ಪತ್ತನಾಲ್ಕು ಮುಟ್ಟಿದರೆ ತೀವ್ರ. ಮೂರು ತಿಂಗಳ ಮಾತ್ರೆಯ ನಂತರವೂ ನನಗೆ 22 ಬಂತು. ಅಂಕ ಕಡಿಮೆ ಬರಲಿ ಎಂದು ಮೇಡಮ್ಮೊಬ್ಬಳು ಆಸೆಪಟ್ಟದ್ದು ಅದೇ ಮೊದಲಿರಬೇಕು.

ದಾಖಲಾಗಿ ಕೆಲವು ವಾರ ಚಿಕಿತ್ಸೆ ಪಡೆಯುವುದು ಒಂದು ದಾರಿ, ಹೊರರೋಗಿಯಾಗಿ ವಾರಕ್ಕೊಮ್ಮೆ ಬರುವುದು ಇನ್ನೊಂದು. ಶಾಲೆ, ಮಗು ಎರಡೂ ಇದ್ದ ನನಗೆ ಎರಡೂ ಆಗದೆ, ತುಮಕೂರಿನಲ್ಲಿ ಒಬ್ಬ ಕ್ಲಿನಿಕಲ್ ಸೈಕಾಲಜಿಸ್ಟ್ ಸಿಕ್ಕರು. ಒಂದು ವಾರ ಎದುರಿಗೆ, ಇನ್ನೊಂದು ವಾರ ವಿಡಿಯೊ ಕರೆಯಲ್ಲಿ. ಹುಡುಕುವವರು ಎರಡು ಪ್ರಶ್ನೆ ಕೇಳಬೇಕು. ಭಾರತೀಯ ಪುನರ್ವಸತಿ ಪರಿಷತ್ತಿನ, ಅಂದರೆ ಆರ್‌ಸಿಐ, ನೋಂದಣಿ ಇದೆಯೇ? ಇಆರ್‌ಪಿ (ಎಕ್ಸ್‌ಪೋಷರ್ ಅಂಡ್ ರೆಸ್ಪಾನ್ಸ್ ಪ್ರಿವೆನ್ಷನ್) ಚಿಕಿತ್ಸೆ ಮಾಡಿ ಅನುಭವವಿದೆಯೇ? ನನಗೆ ಮೊದಲು ಸಿಕ್ಕ ಒಬ್ಬ ಸಮಾಲೋಚಕರು ಎರಡು ಭೇಟಿ ಪೂರ್ತಿ ನನ್ನ ಬಾಲ್ಯವನ್ನು ಕೆದಕಿ, ಉಸಿರಾಟದ ವ್ಯಾಯಾಮ ಹೇಳಿಕೊಟ್ಟು ₹1,600 ತೆಗೆದುಕೊಂಡರು. ಇಆರ್‌ಪಿ ಎಂದರೆ ಹೆದರಿಸುವುದರ ಎದುರು ಬೇಕೆಂದೇ ನಿಲ್ಲುವುದು, ನಿಂತು, ಸಮಾಧಾನದ ಕೆಲಸವನ್ನು ಮಾಡದೇ ಇರುವುದು. 1966ರಲ್ಲಿ ಲಂಡನ್ನಿನಲ್ಲಿ ವಿಕ್ಟರ್ ಮೇಯರ್ ಎಂಬ ಮನಶ್ಶಾಸ್ತ್ರಜ್ಞರು ಇಬ್ಬರು ರೋಗಿಗಳ ಮೇಲೆ ಈ ಬಗೆಯನ್ನು ಮಾಡಿ ವರದಿ ಬರೆದಾಗಿನಿಂದ ಇದು ಬೆಳೆದು ಬಂದಿದೆ.

ಮೊದಲ ಭೇಟಿಯಲ್ಲಿ ತುಮಕೂರಿನ ಸೈಕಾಲಜಿಸ್ಟ್ ಹೇಳಿದ ಒಂದು ಸಂಗತಿ ನನಗೆ ಮಾತ್ರೆಯಷ್ಟೇ ಕೆಲಸ ಮಾಡಿತು. 1978ರಲ್ಲಿ ರಾಕ್‌ಮನ್ ಮತ್ತು ಡಿ ಸಿಲ್ವ ಎಂಬ ಇಬ್ಬರು ಯಾವ ಮನೋರೋಗವೂ ಇಲ್ಲದ ಸಾಮಾನ್ಯ ಜನರನ್ನು ಕೇಳಿದಾಗ, ನೂರಕ್ಕೆ ಸುಮಾರು ಎಂಬತ್ತು ಮಂದಿ ತಮಗೂ ಇಂಥ ಬೇಡದ ಯೋಚನೆಗಳು ಬರುತ್ತವೆ ಎಂದರಂತೆ. ರೈಲಿನ ಬಾಗಿಲಲ್ಲಿ ನಿಂತಾಗ ಹಾರಿಬಿಟ್ಟರೆ, ಮಗುವನ್ನು ಮಹಡಿಯಿಂದ ಬೀಳಿಸಿಬಿಟ್ಟರೆ ಎಂಬಂಥವು. ಅವರ ತಲೆಯಲ್ಲಿ ಅದು ಬಂದು ಹೋಗುತ್ತದೆ. ನನ್ನ ತಲೆ ಅದನ್ನು ತಡೆದು ನಿಲ್ಲಿಸಿ ‘ಯಾಕೆ ಬಂದೆ, ನಿನ್ನ ಅರ್ಥವೇನು’ ಎಂದು ವಿಚಾರಣೆ ಮಾಡುತ್ತದೆ. ಅಮ್ಮನನ್ನು ಆ ರಾತ್ರಿ ಕೇಳಿದೆ. ‘ನೀನು ಚಿಕ್ಕವಳಿದ್ದಾಗ ಬಾವಿಕಟ್ಟೆ ಹತ್ರ ಹೋದಾಗೆಲ್ಲ ಹಂಗೇ ಅನ್ನಿಸ್ತಿತ್ತು ಕಣೆ, ಥೂ ಅಂತ ಉಗಿದು ನೀರು ಸೇದ್ಕೊಂಡು ಬರ್ತಿದ್ದೆ’ ಎಂದಳು. ಮೂವತ್ನಾಲ್ಕು ವರ್ಷದಲ್ಲಿ ಅವಳು ಅದನ್ನು ಯಾರಿಗೂ ಹೇಳಿರಲಿಲ್ಲ, ಹೇಳಬೇಕಾದ ವಿಷಯ ಎಂದೂ ಅವಳಿಗೆ ತೋಚಿರಲಿಲ್ಲ.

ಆಮೇಲೆ ಏಣಿ ಕಟ್ಟಿದೆವು. ಸೊನ್ನೆಯಿಂದ ನೂರರವರೆಗೆ ಭಯಕ್ಕೆ ಅಂಕ ಕೊಟ್ಟು ಕೆಳಗಿನ ಮೆಟ್ಟಿಲಿನಿಂದ ಹತ್ತುವುದು. ‘ಈಳಿಗೆ’ ಎಂಬ ಪದವನ್ನು ಹಾಳೆಯ ಮೇಲೆ ಬರೆದು ಮಗುವಿನ ತೊಟ್ಟಿಲ ಬಳಿ ಇಡುವುದಕ್ಕೆ 30. ಮಗು ಇರುವ ಮನೆಯಲ್ಲೇ, ಬೇರೆ ಕೋಣೆಯಲ್ಲಿ ಈಳಿಗೆಮಣೆ ಇಡುವುದಕ್ಕೆ 45. ಒಬ್ಬಳೇ ಮಗುವಿಗೆ ನೀರು ಹಾಕುವುದಕ್ಕೆ 70. ಮಗು ಪಕ್ಕದಲ್ಲಿರುವಾಗ ಸೊಪ್ಪು ಹೆಚ್ಚುವುದಕ್ಕೆ 95. ಪ್ರತಿ ಮೆಟ್ಟಿಲಿನಲ್ಲೂ ‘ಶಿವ ಶಿವ’ ಇಲ್ಲ, ಮನೆಯವರಿಗೆ ಫೋನಿಲ್ಲ, ಭಯ ಏರಿದರೆ ಏರಲಿ ಎಂದು ಕುಳಿತಿರುವುದು. ಹಾಳೆಯ ಮುಂದೆ ಮೊದಲ ದಿನ ಐವತ್ತು ನಿಮಿಷ ಕುಳಿತೆ. ರವಿಕೆ ಬೆವರಿಗೆ ಅಂಟಿಕೊಂಡಿತ್ತು. ಐದನೆಯ ದಿನ ಅದೇ ಪದದಲ್ಲಿ ‘ಳಿ’ ಅಕ್ಷರದ ಗುಡಿಸು ನೆಟ್ಟಗಿಲ್ಲ ಎಂಬುದು ಕಣ್ಣಿಗೆ ಬಿತ್ತು.

ಎಲ್ಲಕ್ಕಿಂತ ಕಷ್ಟವಾದದ್ದು ಮನೆಯವರಿಗೆ. ನಾನು ‘ನಾನು ಹಾಗೆ ಮಾಡುವುದಿಲ್ಲ ಅಲ್ವಾ’ ಎಂದು ಕೇಳಿದಾಗ ‘ಇಲ್ಲ ಕಣೆ’ ಎನ್ನುವುದನ್ನು ನಿಲ್ಲಿಸಬೇಕೆಂದು ಅವರಿಗೆ ಹೇಳಿಕೊಟ್ಟರು. ಅವರ ಪ್ರೀತಿಯ ಮಾತು ನನ್ನ ಕಾಯಿಲೆಗೆ ದಿನಕ್ಕೆ ಇಪ್ಪತ್ತು ಸಲ ಬಡಿಸುತ್ತಿದ್ದ ಊಟವಾಗಿತ್ತು. ಬದಲಿಗೆ ‘ಅದಕ್ಕೆ ನಾನು ಉತ್ತರ ಕೊಡುವುದಿಲ್ಲ’ ಎನ್ನಬೇಕು. ಮೊದಲ ವಾರ ನಾನು ಅತ್ತುಬಿಟ್ಟೆ, ತಟ್ಟೆ ಎಸೆದೆ, ನಿಮಗೆ ನನ್ನ ಮೇಲೆ ಅನುಮಾನ ಎಂದು ಕೂಗಾಡಿದೆ. ಅವರು ಅಡುಗೆಮನೆಗೆ ಹೋಗಿ ತಟ್ಟೆ ತೊಳೆಯುತ್ತಾ ನಿಂತರು, ಬೆನ್ನು ಅಲುಗುತ್ತಿತ್ತು. ಆ ವಾರ ನನಗೆ ಈ ಕಾಯಿಲೆಯ ನಿಜವಾದ ಅರ್ಥ ತಿಳಿಯಿತು. ನನಗೆ ಬೇಕಾಗಿದ್ದದ್ದು ಖಾತ್ರಿ. ನಾಳೆ, ಮುಂದಿನ ವರ್ಷ, ಇನ್ನೆಂದೂ ನಾನು ಹಾಗೆ ಮಾಡಲಾರೆ ಎಂಬ ಮುದ್ರೆಯೊತ್ತಿದ ಪತ್ರ. ಅಂಥ ಪತ್ರ ಯಾವ ಮನುಷ್ಯನ ಬಳಿಯೂ ಇಲ್ಲ, ಉಳಿದವರು ಅದಿಲ್ಲದೆಯೇ ಸೊಪ್ಪು ಹೆಚ್ಚುತ್ತಾರೆ. ಕೈ ತೊಳೆಯುವವರು ಕೇಳುವುದೂ, ಬೀಗ ಎಳೆಯುವವರು ಕೇಳುವುದೂ ಅದೇ ಪತ್ರವನ್ನೇ. ನಮ್ಮ ಬೀದಿಯ ಅಜ್ಜಿ ಹತ್ತನೆಯ ಕೊಡವನ್ನು ಚೆಲ್ಲುವಾಗ ಅಳುತ್ತಿದ್ದದ್ದು ನನಗೆ ಆಗ ನೆನಪಾಯಿತು. ಮಡಿ ಉಡುವವರು ಮಡಿ ಮುಗಿಸಿ ಊಟಕ್ಕೆ ಕೂರುತ್ತಾರೆ; ಆ ಅಜ್ಜಿಗೆ ಊಟವೇ ಸಿಗುತ್ತಿರಲಿಲ್ಲ.

ಹದಿನೆಂಟು ಭೇಟಿಗಳಾದವು, ಒಂದಕ್ಕೆ ₹1,200ರಂತೆ ₹21,600. ಮಾತ್ರೆಗೆ ತಿಂಗಳಿಗೆ ಸುಮಾರು ₹900 ಆಗುತ್ತಿದ್ದದ್ದು ಜನೌಷಧಿ ಕೇಂದ್ರಕ್ಕೆ ಬದಲಾಯಿಸಿದ ಮೇಲೆ ಅರ್ಧಕ್ಕಿಂತ ಕೆಳಗಿಳಿಯಿತು; ಬದಲಾಯಿಸುವ ಮುನ್ನ ವೈದ್ಯರಿಗೆ ತಿಳಿಸಿದ್ದೆ. ಮನೋರೋಗಕ್ಕೂ ದೇಹದ ರೋಗದಂತೆಯೇ ವಿಮೆ ಕೊಡಬೇಕೆಂದು ಕಾಯ್ದೆಯ 21ನೇ ಸೆಕ್ಷನ್ ಹೇಳುತ್ತದೆ ಎಂಬ ಧೈರ್ಯದಿಂದ ನಾವು ರಸೀದಿಗಳನ್ನೆಲ್ಲ ಕಳಿಸಿದೆವು. ನಮ್ಮ ಪಾಲಿಸಿ ದಾಖಲಾದವರಿಗಷ್ಟೇ, ಹೊರರೋಗಿ ವೆಚ್ಚ ಯಾವ ಕಾಯಿಲೆಗೂ ಇಲ್ಲ ಎಂಬ ಉತ್ತರ ಬಂತು. ಕಳಿಸುವ ಮುನ್ನ ಪಾಲಿಸಿಯ ಆ ಒಂದು ಸಾಲನ್ನು ಓದಿದ್ದರೆ ಎರಡು ಕೊರಿಯರ್ ಖರ್ಚು ಉಳಿಯುತ್ತಿತ್ತು.

ಡಿಸೆಂಬರ್‌ನಲ್ಲಿ ಮತ್ತೆ ಆ ಹತ್ತು ಪ್ರಶ್ನೆ ಕೇಳಿದಾಗ 9 ಬಂತು. ಮಾತ್ರೆ ಇನ್ನೂ ಒಂದು ವರ್ಷವಾದರೂ ಇರುತ್ತದೆ, ನಿಲ್ಲಿಸುವಾಗಲೂ ವೈದ್ಯರೇ ಮೆಲ್ಲಗೆ ಇಳಿಸುತ್ತಾರೆ. ಈಳಿಗೆಮಣೆ ಈಗ ನೆಲದ ಮೇಲಿದೆ. ಯೋಚನೆ ಬರುತ್ತದೆ. ಮೊನ್ನೆ ಭಾನುವಾರ ಸಬ್ಬಸಿಗೆ ಹೆಚ್ಚುವಾಗ ಬಂತು, ಮಗಳು ಒಂದು ಕಂತೆ ಎಳೆದುಕೊಂಡು ಬಾಯಿಗಿಟ್ಟು ಮುಖ ಕಿವುಚಿದಳು, ನಾನು ಎರಡನೆಯ ಕಂತೆ ಬಿಚ್ಚಿದೆ.

ಇದನ್ನು ಬರೆದು ಮುಗಿಸಿದ ಮೇಲೆ, ಓದಿದವರು ನನ್ನನ್ನು ಏನೆಂದುಕೊಳ್ಳುತ್ತಾರೆ, ಈ ತಾಯಿ ಅಂಥವಳಲ್ಲ ಎಂದು ಅವರಿಗೆ ಖಂಡಿತ ಗೊತ್ತಾಗುತ್ತದೆಯೇ ಎಂದು ಮನೆಯವರನ್ನು ಒಮ್ಮೆ ಕೇಳಬೇಕು ಎಂಬ ಆಸೆ ಬಲವಾಗಿ ಬಂದಿದೆ. ಅವರು ಪಕ್ಕದ ಕೋಣೆಯಲ್ಲೇ ಮಗುವನ್ನು ಮಲಗಿಸುತ್ತಿದ್ದಾರೆ. ಕೇಳಿಲ್ಲ.